ಮೂರು ಮನೆಯ ಗಾಡಿಗೆ ಎಣ್ಣೆ ಹಾಕಿದ್ದು

ನಮ್ಮ ಗಾಡಿಯ ಜೊತೆ ಬಂದ ಪುಸ್ತಕವನ್ನು ಮೊದಲ ಪುಟದಿಂದ ಕೊನೆಯ ಪುಟದವರೆಗೆ ಓದಿದವರು ಇಡೀ ಬೀದರ ಜಿಲ್ಲೆಯಲ್ಲಿ ನಾನೊಬ್ಬಳೇ ಇರಬೇಕು. ಕಾಲೇಜಿನ ಗ್ರಂಥಾಲಯದಲ್ಲಿ ಕೆಲಸ ಮಾಡುವವಳಿಗೆ ಅಚ್ಚಾದದ್ದು ಏನು ಸಿಕ್ಕರೂ ಓದುವ ಚಟ. ಎಂಜಿನ್ ಎಣ್ಣೆ ಯಾವಾಗ ಬದಲಿಸಬೇಕು, ಗಾಳಿಯ ಫಿಲ್ಟರ್ ಯಾವಾಗ ಝಾಡಿಸಬೇಕು, ಗಾಲಿಗಳನ್ನು ಯಾವಾಗ ಹಿಂದುಮುಂದು ಮಾಡಬೇಕು ಎಂದೆಲ್ಲ ಅದರಲ್ಲಿ ಕೋಷ್ಟಕ ಹಾಕಿ ಬರೆದಿದ್ದಾರೆ. ಪ್ರತಿಯೊಂದರ ಮುಂದೆಯೂ ಇಷ್ಟು ಕಿಲೋಮೀಟರು ಅಥವಾ ಇಷ್ಟು ತಿಂಗಳು, ಯಾವುದು ಮೊದಲೋ ಅದು ಎಂದಿದೆ. ಆದರೆ ಒಂದು ಗಾಡಿಯನ್ನು ಮೂರು ಮನೆಯವರು ಸಾಕಿದರೆ ಏನು ಗತಿ ಎಂಬುದು ಎಲ್ಲೂ ಇಲ್ಲ. ಬರೆದವರು ನಮ್ಮಂಥ ಜನರನ್ನು ನೋಡಿರಲಿಕ್ಕಿಲ್ಲ.

ಮೂರು ಮನೆ ಎಂದರೆ, ಬೀದರದ ಮೈಲೂರಿನಲ್ಲಿ ನಾನು ಮತ್ತು ನಮ್ಮ ಮನೆಯವರು. ಭಾಲ್ಕಿ ತಾಲೂಕಿನ ಮೆಹಕರದಲ್ಲಿ ಅಕ್ಕ ಮತ್ತು ಒಕ್ಕಲುತನದ ಭಾವ. ಔರಾದ ತಾಲೂಕಿನ ಸಂತಪುರದಲ್ಲಿ ಸಾಲಿ ಮಾಸ್ತರನಾದ ತಮ್ಮ, ಅವನ ಹೆಂಡತಿ ಮತ್ತು ಅವ್ವ. ಅವ್ವನ ಮೊಣಕಾಲು ಬಸ್ಸಿನ ಮೆಟ್ಟಿಲು ಹತ್ತುವುದಿಲ್ಲವೆಂದು ಹಟ ಹಿಡಿದ ಮೇಲೆ ಮೂವರೂ ಸೇರಿ ಈ ಗಾಡಿ ಕೊಂಡೆವು. ಅಂಗಡಿಯವನು ಎಂಜಿನ್ನಿನ ಶಕ್ತಿ, ಸಾಮಾನು ಇಡುವ ಜಾಗ, ಮೇಲಿನ ಕಿಟಕಿ ಎಂದು ಒಂದೊಂದನ್ನೇ ವರ್ಣಿಸುತ್ತಿದ್ದರೆ, ಅವ್ವ ಒಂದೊಂದು ಗಾಡಿಯ ಬಾಗಿಲು ತೆರೆಸಿ ಕೂತು ನೋಡುತ್ತಿದ್ದಳು. ಸಣ್ಣ ಕಾರುಗಳಲ್ಲಿ ಕೂರಲು ಬಾವಿಗಿಳಿದ ಹಾಗೆ ಇಳಿಯಬೇಕಿತ್ತು. ಜೀಪಿನಂಥವುಗಳಿಗೆ ಹತ್ತಬೇಕಿತ್ತು. ಈ ಗಾಡಿಯಲ್ಲಿ ಮಾತ್ರ ಬಗ್ಗದೆ, ಹತ್ತದೆ, ಸುಮ್ಮನೆ ಹಿಂದಕ್ಕೆ ಸರಿದು ಕೂತಳು.

"ಇದು ನಾ ಮಲಗೂ ಹೊರಸಿನಷ್ಟೇ ಎತ್ತರ ಅದ. ಇದೇ ತಗೋರಿ," ಎಂದಳು.

"ಇದಕ್ಕ ಕ್ರಾಸ್‌ಓವರ್ ಅಂತಾರ್ರಿ ಅಮ್ಮಾ," ಎಂದ ಅಂಗಡಿಯವನು.

"ಏನರ ಅನ್ರಿ. ನನಗ ಕೂಡ್ಲಿಕ್ಕಿ ಬಂತು, ಸಾಕು."

ಮನೆಗೆ ತಂದ ದಿನವೇ ಅವ್ವ ಕಾಯಿದೆ ಮಾಡಿದಳು. ಗಾಡಿ ಒಂದೊಂದು ತಿಂಗಳು ಒಂದೊಂದು ಮನೆಯಲ್ಲಿ. ಅಮವಾಸ್ಯೆಯ ದಿನ ಅದಕ್ಕೊಂದು ಕಾಯಿ ಒಡೆಯುವುದು. ಆಮೇಲೆ ಬರುವ ಆದಿತ್ಯವಾರ ಮುಂದಿನ ಮನೆಗೆ ಮುಟ್ಟಿಸುವುದು. ಮುಟ್ಟಿಸಲು ಬಂದವರು ಉಂಡೇ ಹೋಗಬೇಕು, ತಿರುಗಿ ಬಸ್ಸಿಗೆ ಹೋಗಬೇಕು. ಸಂತಪುರದಿಂದ ಮೈಲೂರಿಗೆ, ಮೈಲೂರಿನಿಂದ ಮೆಹಕರಕ್ಕೆ, ಮೆಹಕರದಿಂದ ಸಂತಪುರಕ್ಕೆ. ಅವ್ವ ಗಾಡಿಯ ಜೊತೆಗೇ ತಿರುಗುತ್ತಿದ್ದಳು; ಮನಸ್ಸಿದ್ದರೆ ಆ ಮನೆಯಲ್ಲಿ ಉಳಿಯುತ್ತಿದ್ದಳು, ಇಲ್ಲದಿದ್ದರೆ ಗಾಡಿ ಇದ್ದವರೇ ಸಂತಪುರಕ್ಕೆ ಬಿಟ್ಟು ಬರಬೇಕು. ಯಾಕೆ ಇಷ್ಟೆಲ್ಲ ಎಂದು ತಮ್ಮ ಕೇಳಿದ್ದಕ್ಕೆ ಅವಳು ಏನನ್ನೂ ಮುಚ್ಚಿಡಲಿಲ್ಲ.

"ಗಾಡಿ ತಿರಗಿದ್ರ ನೀವು ತಿರಗ್ತೀರಿ. ಅದು ಒಂದ ಮನ್ಯಾಗ ನಿಂತ್ರ ನೀವು ಮೂರೂ ಮಂದಿ ಮೂರ ಕಡಿ ನಿಂತ್ಬಿಡ್ತೀರಿ. ನಾ ಇರೂತನಕ ಅದು ತಿರಗ್ಲಿ."

ಇದಕ್ಕಿಂತ ಹಳೆಯ ಇನ್ನೊಂದು ಕಾಯಿದೆ ನಮ್ಮ ಮನೆತನದಲ್ಲಿದೆ. ಯಾರ ಮನೆಯ ಪಾತ್ರೆಯನ್ನೂ ಖಾಲಿ ತಿರುಗಿಸಬಾರದು. ಸಂತಪುರದಲ್ಲಿ ನಮ್ಮ ಮಗ್ಗುಲ ಮನೆಯ ಖಾಲಾ ರಮಜಾನ್ ಹಬ್ಬಕ್ಕೆ ಬೋಗುಣಿಯಲ್ಲಿ ಶೀರ್ ಖುರ್ಮಾ ಕಳಿಸಿದರೆ, ಅವ್ವ ಅದನ್ನು ತೊಳೆದು ಶೇಂಗಾ ಉಂಡಿ ಹಾಕಿ ಕಳಿಸುತ್ತಿದ್ದಳು. ನಮ್ಮ ಉಂಡಿ ಹೋದ ಬೋಗುಣಿಯನ್ನು ಖಾಲಾ ಖಾಲಿ ಇಟ್ಟುಕೊಳ್ಳುವುದು ಹೇಗೆ? ನಾಲ್ಕು ಖಜೂರ ಬರುತ್ತಿತ್ತು. ಅದಕ್ಕೆ ಪ್ರತಿಯಾಗಿ ಉಪ್ಪಿನಕಾಯಿ. ಬೋಗುಣಿ ಯಾರದೆಂದು ಎರಡೂ ಮನೆಗೆ ಮರೆತುಹೋಗಿ ವರ್ಷಗಳಾಗಿದ್ದವು. ಹಾಕಿದ್ದನ್ನು ಬಾಯಿ ಬಿಟ್ಟು ಹೇಳುವುದು ಮಾತ್ರ ಸಣ್ಣತನ. ಮುಚ್ಚಳ ತೆರೆದವರಿಗೆ ತಾನೇ ಕಾಣಬೇಕು.

ಇದೇ ಕಾಯಿದೆ ಗಾಡಿಗೂ ಅಂಟಿಕೊಂಡಿತು. ಟ್ಯಾಂಕ್ ತುಂಬಿಸಿ ಕೊಡುವುದಂತೂ ಇದ್ದದ್ದೇ. ಅದನ್ನು ಯಾರೂ ಲೆಕ್ಕಕ್ಕೆ ಹಿಡಿಯಲಿಲ್ಲ. ಹೆಚ್ಚಿನದು ಏನಾದರೂ ಬೇಕಲ್ಲ. ಮೊದಮೊದಲು ಗಾಳಿ. ತಮ್ಮ ಗಾಲಿಗೆ ಒಂದಿಷ್ಟು ಗಾಳಿ ಹೆಚ್ಚು ಹೊಡೆಸಿ ಕೊಡುವನು, ನಮ್ಮ ಮನೆಯವರು ಅದರ ಮೇಲೆ ಇನ್ನೊಂದಿಷ್ಟು. ಮೆಹಕರದ ರಸ್ತೆಗೆ ಬರುವಷ್ಟರಲ್ಲಿ ಗಾಡಿ ಕಪ್ಪೆಯಂತೆ ಕುಪ್ಪಳಿಸುತ್ತಿತ್ತು. ಅವ್ವನದು ಬೇರೆಯೇ ದಾರಿ. ಮುಂದಿನ ಗಾಜು ತೊಳೆಯುವ ನೀರಿನ ಡಬ್ಬಕ್ಕೆ ಅವಳು ಪನ್ನೀರು ಬೆರೆಸುತ್ತಿದ್ದಳು. ನಾನು ಭಾಲ್ಕಿಯ ಬಜಾರಿನಲ್ಲಿ ಧೂಳೆಂದು ವೈಪರ್ ಹಾಕಿದರೆ, ಮದುವೆ ಮಂಟಪದ ಬಾಗಿಲಲ್ಲಿ ನಿಂತಂಥ ವಾಸನೆ. ಯಾರು ಹಾಕಿದ್ದೆಂದು ಗೊತ್ತಿದ್ದರೂ ನಾನು ಕೇಳಲಿಲ್ಲ, ಅವಳು ಹೇಳಲಿಲ್ಲ.

ಎಣ್ಣೆಯ ಸಂಗತಿ ಹೇಗೆ ಶುರುವಾಯಿತೋ ಈಗಲೂ ಜಗಳವಿದೆ. ನನಗೆ ಭಾವನ ಮೇಲೆ ಗುಮಾನಿ. ಟ್ರ್ಯಾಕ್ಟರ್ ಇಟ್ಟ ಮನುಷ್ಯ; ಬೆಳಿಗ್ಗೆ ಎದ್ದು ಮುಖ ತೊಳೆಯುವ ಮೊದಲು ಎಂಜಿನ್ನಿನ ಎಣ್ಣೆ ನೋಡಬೇಕು. ಎಣ್ಣೆ ಅಳೆಯುವ ಕಡ್ಡಿಗೆ ಕೆಳಗೊಂದು ಗುರುತು, ಮೇಲೊಂದು ಗುರುತು ಇರುತ್ತದೆ. ಎರಡರ ನಡುವೆ ಎಲ್ಲಿದ್ದರೂ ಚಿಂತೆಯಿಲ್ಲವೆಂದು ಪುಸ್ತಕ ಹೇಳುತ್ತದೆ. ಭಾವನಿಗೆ ಮಾತ್ರ ಮೇಲಿನ ಗುರುತಿಗಿಂತ ಕೂದಲೆಳೆ ಕಡಿಮೆಯಾದರೂ ಅರ್ಧ ತುಂಬಿದ ತಾಟು ಮುಂದಿಟ್ಟಷ್ಟು ಸಂಕೋಚ. ನಮ್ಮ ತಮ್ಮನೋ ವಿಜ್ಞಾನ ಕಲಿಸುವವನು. ಗಾಡಿ ನಿಲ್ಲಿಸಿದ ಕ್ಷಣವೇ, ಎಣ್ಣೆ ಕೆಳಗಿಳಿಯುವ ಮೊದಲೇ, ಕಡ್ಡಿ ಎಳೆದು ನೋಡಿ ಕಡಿಮೆಯಿದೆ ಎಂದು ತೀರ್ಮಾನಿಸುತ್ತಿದ್ದ. ನಮ್ಮ ಮೈಲೂರಿನ ಅಂಗಳ ಒಂದು ಕಡೆ ಇಳಿಜಾರು. ಅಲ್ಲಿ ಎಣ್ಣೆ ಇನ್ನೊಂದು ಮಗ್ಗುಲಿಗೆ ಸರಿಯುತ್ತದೆ ಎಂಬುದು ನಮ್ಮ ಮನೆಯವರ ಬುದ್ಧಿಗೆ ಹೊಳೆದಿರಲಿಲ್ಲ. ಹೀಗೆ ಮೂರು ಮನೆಯಲ್ಲಿಯೂ ಗಾಡಿಗೆ ಎಣ್ಣೆ ಕಡಿಮೆ. ಮೂರೂ ಮನೆಯಲ್ಲಿ ಎಣ್ಣೆಯ ಡಬ್ಬ. ಮೂವರೂ ದೊಡ್ಡ ಮನಸ್ಸಿನವರು, ಮೂವರೂ ಬಾಯಿ ಬಿಡದವರು.

ಪುಸ್ತಕ ಓದುವವಳು ನಾನು, ಬಾನೆಟ್ ತೆರೆಯುವವರು ಅವರು. ಮನೆಯ ಗಂಡಸರು ಬಾನೆಟ್ಟಿನೊಳಗೆ ತಲೆ ಹಾಕಿದಾಗ ಹೆಂಗಸರು ಚಹಾ ಕೊಡಬೇಕೇ ಹೊರತು ಪುಟದ ಸಂಖ್ಯೆ ಹೇಳಬಾರದು.

ಮಳೆಗಾಲ ಕಳೆದ ಒಂದು ಆದಿತ್ಯವಾರ ನಮ್ಮ ಪಾಳಿ ಮುಗಿದು ಗಾಡಿಯನ್ನು ಮೆಹಕರಕ್ಕೆ ಮುಟ್ಟಿಸಲು ಹೊರಟೆವು. ನಮ್ಮ ಮನೆಯವರ ಕೈಯಲ್ಲಿ ಸ್ಟೀರಿಂಗ್, ಪಕ್ಕದಲ್ಲಿ ನಾನು, ಹಿಂದೆ ಅವ್ವ. ಭಾಲ್ಕಿ ಇನ್ನೂ ದೂರವಿರುವಾಗಲೇ ಹಿಂದಿನಿಂದ ಬಂದ ಮೋಟಾರ್‌ಸೈಕಲ್ಲಿನವನು ಕೈ ಮಾಡಿ ಏನೋ ಕೂಗಿದ. ತಿರುಗಿ ನೋಡಿದರೆ ರಸ್ತೆಯೇ ಇಲ್ಲ, ಬರೀ ನೀಲಿ ಹೊಗೆ. ಸೊಳ್ಳೆ ಓಡಿಸಲು ನಗರಸಭೆಯವರು ಬಂದರೇನೋ ಎನ್ನುವ ಹಾಗಿತ್ತು. ತೊಗರಿಯ ಹೊಲದ ಬದಿಗೆ ನಿಲ್ಲಿಸಿ ಇಳಿದೆವು. ನಾಲ್ಕು ಜನ ಸೇರಿದರು, ನಾಲ್ಕು ರೋಗ ಹೇಳಿದರು. ನಾನು ಪುಸ್ತಕ ತೆಗೆದು ಹೊಗೆಯ ಪುಟ ಹುಡುಕಿದೆ. ಎಣ್ಣೆ ಮೇಲಿನ ಗುರುತು ದಾಟಿದರೆ ಹೀಗಾಗುತ್ತದೆ ಎಂದಿತ್ತು. ನಮ್ಮ ಮನೆಯವರು ಕಡ್ಡಿ ಎಳೆದರು. ಗುರುತು ಎಲ್ಲಿದೆಯೆಂದು ಕಾಣಲೇ ಇಲ್ಲ, ಅಷ್ಟು ಮೇಲಿನವರೆಗೆ ಎಣ್ಣೆ.

ಅವರು ಭಾವನಿಗೆ ಫೋನು ಹಚ್ಚಿದರು. ಎಲ್ಲರಿಗೂ ಕೇಳುವ ಹಾಗೆ ನಾನೇ ಸ್ಪೀಕರ್ ಒತ್ತಿದೆ.

"ಅಣ್ಣಾರ, ಗಾಡ್ಯಾಗ ಎಣ್ಣಿ ಏನರ ಹಾಕಿದ್ರೇನ್ರಿ?"

"ಹಾಕಿದ್ದೆಲ್ಲ ಹೇಳ್ತಾರೇನ್ರಿ," ಎಂದ ಭಾವ. "ಸ್ವಲ್ಪ."

ಆಮೇಲೆ ತಮ್ಮನಿಗೆ. "ಸ್ವಲ್ಪ್ ಹಾಕಿದ್ದೆ ನೋಡ್ರಿ ಮಾಮಾ," ಎಂದವನು ಗಾಬರಿಯಿಂದ, "ಯಾಕ್ರಿ, ಕಡಿಮಿ ಬಿತ್ತೇನು?" ಎಂದು ಕೇಳಿದ.

ನಾನು ನಮ್ಮ ಮನೆಯವರ ಮುಖ ನೋಡಿದೆ. ಅವರು ತೊಗರಿ ಹೊಲ ನೋಡುತ್ತಿದ್ದರು.

"ನೀವು?"

"ಸ್ವಲ್ಪ."

ಹಿಂದಿನ ಸೀಟಿನಿಂದ ಅವ್ವ ಹೇಳಿದಳು: "ಎಲ್ಲಾರೂ ಸ್ವಲ್ಪ್ ಸ್ವಲ್ಪ್ ಉಣಿಸಿ ಗಾಡಿಗಿ ಅಜೀರ್ಣ ಮಾಡೀರಿ. ನನ್ನ ಮ್ಯಾಲ ಹೇಳಬ್ಯಾಡ್ರಿ. ನಾ ಬರೇ ಪನ್ನೀರು ಹಾಕೀನಿ."

ನಕ್ಕು ನಕ್ಕು ನನ್ನ ಕಣ್ಣಲ್ಲಿ ನೀರು ಬಂತು. ಗಾಡಿಯನ್ನು ಹಗ್ಗ ಕಟ್ಟಿ ಭಾಲ್ಕಿಯ ಗ್ಯಾರೇಜಿಗೆ ಎಳೆಸಿದೆವು. ಅಲ್ಲಿ ಹೆಚ್ಚಾದ ಎಣ್ಣೆ ಇಳಿಸಿ, ಒಳಗೆಲ್ಲ ತೊಳೆದು, ಸರಿ ಮಾಡಿ ಕೊಟ್ಟರು. ಎಂಜಿನ್ನಿಗೆ ಏನೂ ಆಗಿರಲಿಲ್ಲ. ಆದದ್ದು ನಮ್ಮ ಗಂಡಸರ ಮರ್ಯಾದೆಗೆ.

ಮರ್ಯಾದೆ ಹೋದ ಗಂಡಸರು ತಕ್ಷಣ ಶಿಸ್ತಿನ ಮಾತಾಡುತ್ತಾರೆ. ಮುಂದಿನ ಆದಿತ್ಯವಾರ ಎಲ್ಲರೂ ನಮ್ಮ ಮನೆಯಲ್ಲಿ ಕೂಡಿದಾಗ ತಮ್ಮ ಎದ್ದು ನಿಂತು, ತರಗತಿಯಲ್ಲಿ ಮಾತಾಡುವ ದನಿಯಲ್ಲಿ, "ಇನ್ನ ಮ್ಯಾಲ ಬಾನೆಟ್ ಯಾರೂ ಮುಟ್ಟಾಂಗಿಲ್ಲ. ಸರ್ವಿಸಿಂಗ್ ಮಾಡೋರು ಬೀದರದಾಗ ಅದಾರ, ಗಾಡಿನೂ ಬೀದರದಾಗೇ ಇರ್ಲಿ. ಮೈಲೂರಿನ ಅಕ್ಕ ಪುಸ್ತಕ ಓದಿ ವ್ಯಾಳ್ಯಾಕ್ಕ ಸರಿಯಾಗಿ ಮಾಡಿಸ್ತಾಳ. ಯಾರಿಗಿ ಬೇಕಾದ್ರ ಫೋನ್ ಮಾಡ್ರಿ, ತಗೊಂಡು ಹೋಗ್ರಿ," ಎಂದ.

ಭಾವ ಒಪ್ಪಿದ. ನಮ್ಮ ಮನೆಯವರೂ ಒಪ್ಪಿದರು. ಎಷ್ಟೆಷ್ಟು ಹಾಕಿದ್ದೆಂಬ ಮಾತು ಮತ್ತೆ ಏಳದಿದ್ದರೆ ಸಾಕಾಗಿತ್ತು ಅವರಿಗೆ. ಮಾತು ಸರಿಯಾಗಿಯೇ ಇತ್ತಾದ್ದರಿಂದ ನಾನೂ ತಲೆಯಾಡಿಸಿದೆ. ಅವ್ವ ಮಾತ್ರ, "ನಿಮ್ಮ ಮರ್ಜಿ," ಎಂದಳು. ಅವಳು ಹಾಗೆಂದರೆ ಅವಳ ಮರ್ಜಿ ಇಲ್ಲವೆಂದು ನಮ್ಮ ಮನೆಯಲ್ಲಿ ಹಾಲು ಕುಡಿಯುವ ಕೂಸಿಗೂ ಗೊತ್ತು. ಆದರೂ ಅವತ್ತು ಯಾರಿಗೂ ಕೇಳಿಸಿದ ಹಾಗೆ ಕಾಣಲಿಲ್ಲ.

ಆಮೇಲೆ ಗಾಡಿಗೆ ಬಂದಂಥ ಸುಖ ಯಾರಿಗೂ ಬರಲಿಕ್ಕಿಲ್ಲ. ಪುಸ್ತಕದ ಕೋಷ್ಟಕವನ್ನು ದೊಡ್ಡದಾಗಿ ಬರೆದು ಫ್ರಿಜ್ಜಿಗೆ ಅಂಟಿಸಿದೆ. ಹೊತ್ತಿಗೆ ಸರಿಯಾಗಿ ಎಣ್ಣೆ ಬದಲಿ, ಬ್ರೇಕ್ ತಪಾಸಣೆ, ಫಿಲ್ಟರ್ ಬದಲಿ. ಗಾಲಿಯ ಕಮಾನಿನೊಳಗೆ ಹತ್ತಿಕೊಂಡಿದ್ದ ಸಂತಪುರದ ಕರಿ ಮಣ್ಣು, ಅದರ ಮೇಲೆ ಬೀದರದ ಕೆಂಪು ಧೂಳು, ಎಲ್ಲ ತೊಳೆದುಹೋಗಿ ಗಾಡಿ ಅಂಗಡಿಯಿಂದ ಬಂದ ಹಾಗಾಯಿತು. ಬಿಸಿಲಿಗೆ ಬಣ್ಣ ಕೆಡಬಾರದೆಂದು ಮೇಲೊಂದು ಕವರು ಹೊದಿಸಿದೆವು. ನಾನು ಕಾಲೇಜಿಗೆ ಹೋಗುವುದು ಸ್ಕೂಟಿಯ ಮೇಲೆ. ನಮ್ಮ ಮನೆಯವರಿಗೆ ಕಚೇರಿ ನಡೆದು ಹೋಗುವ ದೂರ.

ಫೋನು ಮಾತ್ರ ಬರಲಿಲ್ಲ. ಪಾಳಿ ಇದ್ದಾಗ ಗಾಡಿ ತಾನಾಗಿ ಬಾಗಿಲಿಗೆ ಬರುತ್ತಿತ್ತು, ಈಗ ಕೇಳಬೇಕು. ಕೇಳುವುದು ನಮ್ಮವರ ಜಾಯಮಾನವಲ್ಲ. ಅಕ್ಕ ಕೇಳಲಿಲ್ಲ, ಕೇಳದೆ ನಾನು ಒಯ್ದರೆ ಹೆಚ್ಚುಗಾರಿಕೆ ತೋರಿಸಿದ ಹಾಗೆ ಎಂದು ನಾನೂ ಸುಮ್ಮನಿದ್ದೆ. ತಮ್ಮನಿಗೆ ತಾನೇ ಮಾಡಿದ ಕಾಯಿದೆ ಮುರಿಯಲು ನಾಚಿಕೆ. ಎಳ್ಳ ಅಮವಾಸ್ಯೆ ಬಂತು. ಪ್ರತಿ ವರ್ಷ ಆ ದಿನ ಎಲ್ಲರೂ ಅಕ್ಕನ ಹೊಲದಲ್ಲಿ ಸಾಲಾಗಿ ಕೂತು ಸಜ್ಜೆ ರೊಟ್ಟಿ, ಕಾಳು-ಸೊಪ್ಪಿನ ಭಜ್ಜಿ, ಅಂಬಲಿ ಉಂಡು, ಅಲ್ಲೇ ಮರದ ನೆರಳಿಗೆ ಮಲಗಿ ಎದ್ದು ಬರುವುದು. ಆ ವರ್ಷ ಗಾಡಿ ಕವರಿನೊಳಗೇ ಇತ್ತು. ನಾವು ಮೈಲೂರಿನ ಅಡುಗೆಮನೆಯಲ್ಲಿ ಭಜ್ಜಿ ಮಾಡಿಕೊಂಡು ಉಂಡೆವು. ರುಚಿ ಹತ್ತಲಿಲ್ಲ. ಕರೆಯದ ಅಕ್ಕನ ಮೇಲೆ ಸಿಟ್ಟು ಬಂತು. ಅವಳಿಗೂ ನನ್ನ ಮೇಲೆ ಬಂದಿತ್ತಂತೆ.

ಅವ್ವ ಫೋನಿನಲ್ಲಿ ದಿನಾ ಒಂದೇ ಕೇಳುತ್ತಿದ್ದಳು. "ಗಾಡಿ ಹ್ಯಾಂಗದ?"

"ಛೊಲೋ ಅದ ಅವ್ವಾ. ಒಂದು ಗೀರು ಬಿದ್ದಿಲ್ಲ."

"ಹೌದೇನು," ಎಂದು ಫೋನು ಇಡುತ್ತಿದ್ದಳು.

ಅಮವಾಸ್ಯೆಯಾಗಿ ಸ್ವಲ್ಪ ದಿನಕ್ಕೆ, ಒಂದು ರಜೆಯ ಬೆಳಿಗ್ಗೆ, ನಮ್ಮ ಗೇಟಿನ ಮುಂದೆ ಆಟೋ ನಿಂತಿತು. ಇಳಿದವಳು ಅವ್ವ. ಒಂದು ಕೈ ಆಟೋದ ಸರಳಿನ ಮೇಲೆ, ಇನ್ನೊಂದು ಕೈಯಲ್ಲಿ ಸ್ಟೀಲಿನ ಡಬ್ಬಿ. ಸಂತಪುರದಿಂದ ಬಸ್ಸಿನಲ್ಲಿ ಬಂದಿದ್ದಳು. ತಮ್ಮನ ಹೆಂಡತಿಗೆ ಮಗ್ಗುಲ ಮನೆಯ ಖಾಲಾ ಹತ್ತಿರ ಹೋಗುತ್ತೇನೆಂದು ಹೇಳಿ, ಬಸ್ಸು ಹತ್ತಿದ ಮೇಲೆ ಕಂಡಕ್ಟರನ ಫೋನಿನಿಂದ ನಿಜ ಹೇಳಿದ್ದಳು.

ನನಗೆ ಸಿಟ್ಟು, ಅಳು ಎರಡೂ ಒಮ್ಮೆಗೇ ಬಂದವು. "ಆ ಕಾಲ ತಗೊಂಡು ಬಸ್ಸಿಗಿ ಯಾಕ ಬಂದಿ? ಒಂದ ಫೋನ್ ಮಾಡಿದ್ರ ಗಾಡಿ ತರ್ತಿದ್ದಿಲ್ಲೇನು?"

"ನಿಮ್ಮ ಡಬ್ಬಿ ನಮ್ಮನ್ಯಾಗ ಉಳದಿತ್ತು," ಎಂದಳು, ಮೊಣಕಾಲು ಒತ್ತಿಕೊಳ್ಳುತ್ತ. "ಕೊಟ್ಟು ಹೋಗ್ಬೇಕಲ್ಲ."

ಡಬ್ಬಿ ತುಂಬ ಶೇಂಗಾ ಹೋಳಿಗೆ. ಯಾವಾಗ ಬಿಟ್ಟು ಬಂದಿದ್ದೆನೋ ನೆನಪಾಗಲಿಲ್ಲ. ಒಳಗೆ ಒಯ್ದು ಕಟ್ಟೆಯ ಮೇಲಿಟ್ಟೆ. ಚಹಾ ಕುಡಿದವಳೇ ಅವ್ವ ಅಂಗಳಕ್ಕೆ ಹೋಗಿ, ಗಾಡಿಯ ಕವರು ಸರಿಸಿ, ಬಾಗಿಲು ತೆಗೆದು ತನ್ನ ಸೀಟಿನಲ್ಲಿ ಕೂತಳು. "ನಡೀರಿ, ನನಗ ಮನಿಗಿ ಬಿಡ್ರಿ," ಎಂದಳು. ಬಂದು ಅರ್ಧ ಗಂಟೆಯೂ ಆಗಿರಲಿಲ್ಲ. ನಮ್ಮ ಮನೆಯವರು ಕೀಲಿ ತಿರುಗಿಸಿದರು. ಟಕ್ ಎಂದು ಒಂದು ಸದ್ದು. ಮತ್ತೆ ತಿರುಗಿಸಿದರು. ಆ ಸದ್ದೂ ಇಲ್ಲ.

ಎಣ್ಣೆ ಹೊಚ್ಚ ಹೊಸದು, ಫಿಲ್ಟರ್ ಹೊಸದು, ಬ್ರೇಕು ಹೊಸದಾಗಿ ತಪಾಸಣೆಯಾದದ್ದು. ನಿಂತು ನಿಂತು ಬ್ಯಾಟರಿ ಸತ್ತಿತ್ತು. ಬಹಳ ದಿನ ನಿಲ್ಲಿಸುವ ಗಾಡಿಯನ್ನು ಆಗಾಗ ಓಡಿಸಬೇಕೆಂದು ಪುಸ್ತಕದ ಕೊನೆಯಲ್ಲಿದೆ. ಅದನ್ನೂ ಓದಿದ್ದೆ. ಗಾಡಿ ಬಿಟ್ಟು ದುಬೈಗೆ ಹೋದವರಿಗೆ ಹೇಳಿದ್ದೆಂದು ಪುಟ ತಿರುವಿದ್ದೆ.

"ಯಾಕ, ಗಾಡಿ ಛೊಲೋ ಅದ ಅಂದಿದ್ದಿ?" ಎಂದು ಅವ್ವ ಒಳಗಿನಿಂದಲೇ ಕೇಳಿದಳು. ಉತ್ತರ ಬೇಕಾಗಿರಲಿಲ್ಲ ಅವಳಿಗೆ. ಮುಂದಿನ ಮಾತನ್ನು ನೆಟ್ಟಗೆ ಆಡಿದಳು. "ನಿಮ್ಮ ಹೊಗಿ ನೋಡಿ ನನಗ ಹೆದರಿಕಿ ಆಗಿದ್ದಿಲ್ಲ. ಎಳ್ಳ ಅಮಾಸಿಗಿ ಒಬ್ಬರ ಮಾರಿ ಒಬ್ಬರು ನೋಡ್ಲಿಲ್ಲಲ್ಲ, ಅದಕ್ಕ ಹೆದರಿಕಿ ಆಗ್ಯದ."

ನಾನು ಗಾಡಿಯ ಬಾಗಿಲು ಹಿಡಿದು ನಿಂತೆ. ಅಷ್ಟರಲ್ಲಿ ಎದುರು ಮನೆಯ ಚಾಚಾ ತಮ್ಮ ಸಾಮಾನಿನ ಟೆಂಪೋ ತಂದು ಮೂತಿಗೆ ಮೂತಿ ತಾಗಿಸಿ ನಿಲ್ಲಿಸಿದರು. ಎರಡು ವೈರು ಸಿಕ್ಕಿಸಿ, ನಮ್ಮ ಗಾಡಿಗೆ ಜೀವ ಬರಿಸಿ, ಬೆರಳು ಎತ್ತಿ ತಾಕೀತು ಮಾಡಿದರು.

"ಬಂದ್ ನಕ್ಕೋ ಕರೋ, ಎಂಜಿನ್ ಬಂದ್ ಮಾಡಬ್ಯಾಡ್ರಿ. ಇಲ್ಲೇ ಓಣ್ಯಾಗ ತಿರಗಿಸಿದ್ರ ಆಗಾಂಗಿಲ್ರಿ. ದೂರ ಹೋಗಿ ಬರ್ರಿ, ಅಂದ್ರ ಬ್ಯಾಟರಿ ತುಂಬತದ."

"ಸಂತಪುರ ದೂರ ಆಯ್ತೇನ್ರಿ?" ಎಂದು ನಮ್ಮ ಮನೆಯವರು ಕೇಳಿದರು.

ಚಾಚಾ ಬಾಯಿ ತೆರೆಯುವ ಮೊದಲೇ ಅವ್ವ, "ಮೆಹಕರ ಇನ್ನೂ ದೂರ ಆಗ್ತದ," ಎಂದಳು.

ಉಟ್ಟ ಬಟ್ಟೆಯಲ್ಲೇ ಹೊರಟೆವು. ದಾರಿಯಲ್ಲಿ ತಮ್ಮನಿಗೆ ಫೋನು ಮಾಡಿ ಬಾ ಎಂದೆ. ಅವನು ಹೆಂಡತಿಯನ್ನು ಮೋಟಾರ್‌ಸೈಕಲ್ಲಿನ ಮೇಲೆ ಕೂರಿಸಿಕೊಂಡು ಹೊರಟ. ಮೆಹಕರ ಮುಟ್ಟಿದಾಗ ಅಕ್ಕ ರೊಟ್ಟಿ ಬಡಿಯುತ್ತಿದ್ದಳು. ಹಿಟ್ಟಿನ ಕೈಯಲ್ಲೇ ಅಂಗಳಕ್ಕೆ ಬಂದು, ಅವ್ವನನ್ನು ನೋಡಿ, ನನ್ನನ್ನು ನೋಡಿ, ಒಳಗೆ ಹೋಗಿ ಇನ್ನಷ್ಟು ಹಿಟ್ಟು ನಾದಲು ಕೂತಳು. ನಾನೂ ಹೋಗಿ ಮಗ್ಗುಲಲ್ಲಿ ಕೂತೆ. ಹಿಟ್ಟು ನಾದುತ್ತಲೇ ಅವಳು ಕೇಳಿದಳು: "ಅಮಾಸಿಗಿ ಯಾಕ ಬರ್ಲಿಲ್ಲ?"

"ನೀ ಕರೀಲಿಲ್ಲ."

"ಪಾಳಿ ಇದ್ದಾಗ ಕರೀತಿದ್ನೇನು?"

ಅವತ್ತು ಊಟಕ್ಕೆ ಕೂತಾಗ ತಮ್ಮ ತನ್ನ ಕಾಯಿದೆಯನ್ನು ತಾನೇ ಹಿಂತೆಗೆದುಕೊಂಡ. ಸರ್ವಿಸಿಂಗ್ ಬೀದರದಲ್ಲಿ, ನಮ್ಮ ಪಾಳಿಯ ತಿಂಗಳಲ್ಲಿ. ಗಾಡಿ ಮೂರು ಮನೆಯಲ್ಲಿ. ಬಾನೆಟ್ಟಿನೊಳಗೆ ಯಾರೂ ಏನೂ ಹಾಕುವಂತಿಲ್ಲ. ಹಾಕಲೇಬೇಕೆಂದು ಕೈ ತುರಿಸಿದರೆ ಹಿಂದಿನ ಡಿಕ್ಕಿಯಲ್ಲಿ ಕಾಯಿಪಲ್ಲೆ ಹಾಕಬೇಕು. ಭಾವ ಬಹಳ ಕಷ್ಟದಿಂದ ಒಪ್ಪಿದ. ಪನ್ನೀರಿನ ವಿಷಯ ಯಾರೂ ಎತ್ತಲಿಲ್ಲ.

ಆ ತಿಂಗಳಿಗೆ ಗಾಡಿಯನ್ನೂ ಅವ್ವನನ್ನೂ ಅಕ್ಕನ ಮನೆಯಲ್ಲೇ ಬಿಟ್ಟು ನಾವಿಬ್ಬರೂ ಬಸ್ಸಿಗೆ ಬಂದೆವು. ಮರುದಿನ ಹೋಳಿಗೆಗಳನ್ನು ತಾಟಿಗೆ ತೆಗೆದು ಡಬ್ಬಿ ತೊಳೆಯುವಾಗ ತಳ ನೋಡಿದೆ. ನಮ್ಮಲ್ಲಿ ಸ್ಟೀಲಿನ ಪಾತ್ರೆಗೆ ಹೆಸರು ಕೊರೆಸುವ ರೂಢಿ. ಅಲ್ಲಿದ್ದದ್ದು ನನ್ನ ಹೆಸರಲ್ಲ, ಅವ್ವನದು. ಅವಳ ಮದುವೆಯಲ್ಲಿ ತವರಿನವರು ಕೊಟ್ಟ ಡಬ್ಬಿ. ನಾನು ಸಂತಪುರದಲ್ಲಿ ಯಾವ ಡಬ್ಬಿಯನ್ನೂ ಬಿಟ್ಟು ಬಂದಿರಲಿಲ್ಲ. ಒದ್ದೆ ಕೈಯಲ್ಲೇ ಮೆಹಕರಕ್ಕೆ ಫೋನು ಹಚ್ಚಿದೆ.

"ಅವ್ವಾ, ಈ ಡಬ್ಬಿ ನಿಂದೇ ಅದ."

"ಹೌದೇನು? ಕಣ್ಣು ಮಂಜಾಗ್ಯಾವ ನೋಡು," ಎಂದಳು. "ಹಂಗಾದ್ರ ನಾ ಸಂತಪುರಕ್ಕ ಹೋದ ಮ್ಯಾಲ ತಂದು ಕೊಡು."

ಅವಳು ಸಂತಪುರಕ್ಕೆ ಮರಳಿದ ಮೇಲೆ ಡಬ್ಬಿ ತುಂಬ ಕರದಂಟು ಹಾಕಿಕೊಂಡೆ. ಗಾಡಿಯ ಪಾಳಿ ಆಗ ನಮ್ಮದಾಗಿರಲಿಲ್ಲ. ಬಸ್ಸಿಗೆ ಹೋದೆ.